ಓಎಂಆರ್ ಹಾಳೆಯನ್ನು ಜೋಪಾನವಾಗಿಡಿ: ನೇಮಕಾತಿ ಪ್ರಾಧಿಕಾರಗಳಿಗೊಂದು ಬಹಿರಂಗ ಪತ್ರ

ರಾಜ್ಯದ ಎಲ್ಲ ನೇಮಕಾತಿ ಪ್ರಾಧಿಕಾರಗಳ ಮುಖ್ಯಸ್ಥರಿಗೆ ಹಾಗೂ ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆಯ ಹಿರಿಯ ಅಧಿಕಾರಿಗಳಿಗೆ,

ಮಾನ್ಯರೇ,

ನೇಮಕಾತಿ ತಡವಾದಾಗಲೆಲ್ಲ ನಿಮ್ಮ ಕಡೆಯಿಂದ ಬರುವ ಸಿದ್ಧ ಉತ್ತರವೊಂದಿದೆ: ‘ಪ್ರಕರಣ ನ್ಯಾಯಾಲಯದಲ್ಲಿದೆ’. ಸದನದಲ್ಲಿ ಕೇಳಿದರೂ ಅದೇ, ಪತ್ರಕರ್ತರು ಕೇಳಿದರೂ ಅದೇ, ಕಚೇರಿಯ ಕಿಟಕಿಯಾಚೆ ನಿಂತ ಅಭ್ಯರ್ಥಿ ಕೇಳಿದರೂ ಅದೇ. ಆ ಮಾತಿನ ಧಾಟಿಯಲ್ಲಿ ಒಂದು ಆಪಾದನೆಯೂ ಅಡಗಿರುತ್ತದೆ. ಯಾರೋ ನಾಲ್ಕು ಜನ ತಕರಾರುಕೋರರು ಕೋರ್ಟಿನ ಮೆಟ್ಟಿಲು ಹತ್ತಿ ಸಾವಿರಾರು ಜನರ ಹೊಟ್ಟೆಯ ಮೇಲೆ ಹೊಡೆದರು ಎಂಬಂತೆ. ನಾನು ಸೇವಾ ವಿಷಯಗಳ, ಅಂದರೆ ಸರ್ಕಾರಿ ನೌಕರಿಯ ವ್ಯಾಜ್ಯಗಳ, ವಕೀಲ. ಅಂಥ ‘ತಕರಾರುಕೋರರ’ ಪರವಾಗಿ ಅರ್ಜಿ ಬರೆದು, ಆಡಳಿತ ನ್ಯಾಯಮಂಡಳಿಯ ಮುಂದೆ ನಿಂತು ಜೀವನ ಸಾಗಿಸುವವನು. ಈ ವ್ಯಾಜ್ಯಗಳು ಕಡಿಮೆಯಾದರೆ ನಷ್ಟ ನನಗೇ. ಆದರೂ ಅವು ಕಡಿಮೆಯಾಗಲಿ ಎಂದು ಈ ಪತ್ರ ಬರೆಯುತ್ತಿದ್ದೇನೆ.

ಇಷ್ಟು ಕಾಲ ಈ ಕಡತಗಳನ್ನು ತಿರುವಿಹಾಕಿದ ಮೇಲೆ ನನಗೆ ಖಚಿತವಾಗಿರುವ ಸಂಗತಿ ಒಂದೇ. ನೇಮಕಾತಿಯೊಂದು ಉಳಿಯುತ್ತದೋ ಬೀಳುತ್ತದೋ ಎಂಬುದು ಬಹುಪಾಲು ತೀರ್ಮಾನವಾಗುವುದು ಕೋರ್ಟಿನಲ್ಲಿ ವಾದ ಶುರುವಾಗುವ ಎಷ್ಟೋ ಮೊದಲೇ. ಪರೀಕ್ಷೆ ಮುಗಿದ ಮೊದಲ ಕೆಲವು ತಿಂಗಳಲ್ಲಿ ನೀವು ಯಾವ ಕಾಗದವನ್ನು ಉಳಿಸಿಕೊಂಡಿರಿ, ಯಾವುದನ್ನು ಅಭ್ಯರ್ಥಿಗೆ ತೋರಿಸಿದಿರಿ, ಯಾವ ನಿರ್ಧಾರಕ್ಕೆ ಕಾರಣ ಬರೆದಿಟ್ಟಿರಿ ಎಂಬುದರ ಮೇಲೆ ಎಲ್ಲವೂ ನಿಂತಿರುತ್ತದೆ.

ನಮ್ಮ ಪಿಎಸ್‌ಐ (ಪೊಲೀಸ್ ಸಬ್‌ಇನ್‌ಸ್ಪೆಕ್ಟರ್) ನೇಮಕಾತಿಯನ್ನೇ ನೋಡಿ. 545 ಹುದ್ದೆಗಳಿಗೆ 2021ರ ಅಕ್ಟೋಬರ್ 3ರಂದು ಲಿಖಿತ ಪರೀಕ್ಷೆ ನಡೆಯಿತು. ಐವತ್ತು ಸಾವಿರಕ್ಕೂ ಹೆಚ್ಚು ಮಂದಿ ಬರೆದರು. ತಾತ್ಕಾಲಿಕ ಆಯ್ಕೆ ಪಟ್ಟಿ ಹೊರಬಿದ್ದ ಮೇಲೆ ಗುಸುಗುಸು ಹಬ್ಬಿತು. ಆದರೆ ಗುಸುಗುಸುವಿನಿಂದ ಮೊಕದ್ದಮೆ ನಿಲ್ಲುವುದಿಲ್ಲ. ಅನುಮಾನಕ್ಕೆ ಕೈಕಾಲು ಬಂದದ್ದು ಓಎಂಆರ್ ಹಾಳೆಯ, ಅಂದರೆ ವೃತ್ತ ತುಂಬಿ ಉತ್ತರಿಸುವ, ಯಂತ್ರ ಓದುವ ಹಾಳೆಯ, ಕಾರ್ಬನ್ ಪ್ರತಿಯಿಂದ. ಪರೀಕ್ಷಾ ಕೊಠಡಿಯಿಂದ ಅಭ್ಯರ್ಥಿ ಮನೆಗೆ ಒಯ್ಯುವ ತೆಳುವಾದ ಆ ಹಾಳೆಯಲ್ಲಿ ಖಾಲಿ ಉಳಿದಿದ್ದ ವೃತ್ತಗಳು ಮೂಲ ಹಾಳೆಯಲ್ಲಿ ತುಂಬಿಕೊಂಡಿದ್ದವು. ಸಿಐಡಿ ತನಿಖೆ ಆರಂಭವಾಯಿತು, 2022ರ ಏಪ್ರಿಲ್ ಕೊನೆಯಲ್ಲಿ ಸರ್ಕಾರ ಪರೀಕ್ಷೆಯನ್ನೇ ರದ್ದುಪಡಿಸಿತು, ಜುಲೈನಲ್ಲಿ ನೇಮಕಾತಿ ವಿಭಾಗದ ಮುಖ್ಯಸ್ಥರಾಗಿದ್ದ ಎಡಿಜಿಪಿ ದರ್ಜೆಯ ಅಧಿಕಾರಿಯ ಬಂಧನವೂ ಆಯಿತು. ಕೋಟಿಗಟ್ಟಲೆ ಹಣ ಕೈಬದಲಿದ ಆರೋಪದ ವ್ಯವಹಾರವೊಂದನ್ನು ಬಯಲಿಗೆಳೆದದ್ದು ಕೆಲವು ಪೈಸೆ ಬೆಲೆಯ ಕಾರ್ಬನ್ ಪ್ರತಿ. ಅದು ಅಭ್ಯರ್ಥಿಯ ಕೈಯಲ್ಲಿತ್ತು ಎಂಬುದೇ ಇಲ್ಲಿ ಮುಖ್ಯ.

ಆ ಪಟ್ಟಿಯಲ್ಲಿ ಆರೋಪದ ಸೋಂಕಿಲ್ಲದವರೂ ಇದ್ದರು. ತಪ್ಪು ಮಾಡಿದವರನ್ನು ಹೊರಗಿಡಿ, ನಮ್ಮನ್ನೇಕೆ ಶಿಕ್ಷಿಸುತ್ತೀರಿ ಎಂದು ಅವರು ಹೈಕೋರ್ಟಿಗೆ ಹೋದರು. 2023ರ ನವೆಂಬರ್‌ನಲ್ಲಿ ಹೈಕೋರ್ಟ್ ರದ್ದತಿಯನ್ನೇ ಎತ್ತಿಹಿಡಿದು, ಸ್ವತಂತ್ರ ಸಂಸ್ಥೆಯಿಂದ ಮರುಪರೀಕ್ಷೆ ನಡೆಸಲು ಆದೇಶಿಸಿತು. ಕರ್ನಾಟಕ ಪರೀಕ್ಷಾ ಪ್ರಾಧಿಕಾರ 2024ರ ಜನವರಿ 23ರಂದು ಮರುಪರೀಕ್ಷೆ ನಡೆಸಿತು. ಒಮ್ಮೆ ಗೆದ್ದವರು ಎರಡು ವರ್ಷದ ಮೇಲೆ ಮತ್ತೆ ಪೆನ್ನು ಹಿಡಿದು ಕೂರಬೇಕಾಯಿತು. ಆ ತೀರ್ಪನ್ನು ನಾನು ದೂರುವುದಿಲ್ಲ. ಅಕ್ರಮ ಎಲ್ಲಿಯವರೆಗೆ ಹಬ್ಬಿದೆ ಎಂದು ಗೆರೆ ಎಳೆಯಲಾಗದಿದ್ದರೆ ನ್ಯಾಯಾಲಯಕ್ಕೆ ಬೇರೆ ದಾರಿ ಇರುವುದಿಲ್ಲ.

ಆ ಗೆರೆಯ ಮಾತೇ ಈ ಕಾನೂನಿನ ತಿರುಳು. ಸಿಬಿಐ ಕಾನ್‌ಸ್ಟೆಬಲ್‌ಗಳ ನೇಮಕಾತಿಯೊಂದು ಸುಪ್ರೀಂ ಕೋರ್ಟಿನವರೆಗೆ ಹೋಗಿ 2003ರಲ್ಲಿ ತೀರ್ಮಾನವಾಯಿತು. ಅಲ್ಲಿ ಉತ್ತರ ಪತ್ರಿಕೆಗಳನ್ನು ಸಮಿತಿಯೊಂದು ಮತ್ತೆ ಪರಿಶೀಲಿಸಿ, ಅನರ್ಹವಾಗಿ ಆಯ್ಕೆಯಾದವರು 31 ಮಂದಿ ಎಂದು ಬೊಟ್ಟುಮಾಡಿ ತೋರಿಸಿತ್ತು. ಹಾಗಿರುವಾಗ ಇಡೀ ಪಟ್ಟಿಯನ್ನು ರದ್ದು ಮಾಡಿದ್ದು ತರವಲ್ಲ ಎಂದ ನ್ಯಾಯಾಲಯ ಉಳಿದವರನ್ನು ಕಾಪಾಡಿತು. 2021ರಲ್ಲಿ ದೆಹಲಿಯ ಅಧೀನ ಸೇವೆಗಳ ಆಯ್ಕೆ ಮಂಡಳಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದೇ ತತ್ವವನ್ನು ಇನ್ನಷ್ಟು ಬಿಡಿಸಿ ಹೇಳಿತು. ಅಕ್ರಮ ವ್ಯವಸ್ಥೆಯ ಬುಡಕ್ಕೇ ತಗಲಿದ್ದರೆ ಇಡೀ ಪ್ರಕ್ರಿಯೆ ಹೋಗಬೇಕು. ತಪ್ಪಿತಸ್ಥರನ್ನು ಬೇರ್ಪಡಿಸಲು ಸಾಧ್ಯವಿದ್ದರೆ ಬೇರ್ಪಡಿಸಲೇಬೇಕು, ನಿರಪರಾಧಿಗೆ ಶಿಕ್ಷೆಯಾಗಬಾರದು.

ಬೇರ್ಪಡಿಸುವುದು ಯಾವುದರಿಂದ? ಅಕ್ಕಿಯಿಂದ ಕಲ್ಲು ಆರಿಸಲು ಮೊರ ಬೇಕು. ಪಶ್ಚಿಮ ಬಂಗಾಳದಲ್ಲಿ ಆ ಮೊರವನ್ನೇ ಸುಟ್ಟುಹಾಕಿದ್ದರು. ಅಲ್ಲಿನ ಶಾಲಾ ಸೇವಾ ಆಯೋಗದ 2016ರ ನೇಮಕಾತಿಯಲ್ಲಿ ಮೂಲ ಓಎಂಆರ್ ಹಾಳೆಗಳನ್ನು ನಾಶಪಡಿಸಲಾಗಿತ್ತು, ಆಯೋಗದ ಬಳಿ ಅವುಗಳ ನಂಬಲರ್ಹ ಪ್ರತಿಗಳೂ ಉಳಿದಿರಲಿಲ್ಲ. 2025ರ ಏಪ್ರಿಲ್ 3ರಂದು ಸುಪ್ರೀಂ ಕೋರ್ಟ್ ಕಲ್ಕತ್ತಾ ಹೈಕೋರ್ಟಿನ ತೀರ್ಪನ್ನು ಎತ್ತಿಹಿಡಿದಾಗ 25,753 ಶಿಕ್ಷಕರು ಮತ್ತು ಸಿಬ್ಬಂದಿಯ ನೇಮಕಾತಿ ಒಂದೇ ಏಟಿಗೆ ಹೋಯಿತು. ಕಳಂಕಿತರೆಂದು ಗುರುತಿಸಲಾಗದವರು ಪಡೆದ ಸಂಬಳವನ್ನು ಹಿಂದಿರುಗಿಸಬೇಕಿಲ್ಲ ಎಂಬಷ್ಟು ಕರುಣೆಯನ್ನು ನ್ಯಾಯಾಲಯ ತೋರಿತು. ಕೆಲಸ ಮಾತ್ರ ಉಳಿಯಲಿಲ್ಲ. ವರ್ಷಗಟ್ಟಲೆ ಪಾಠ ಹೇಳಿದ ಪ್ರಾಮಾಣಿಕ ಶಿಕ್ಷಕನೊಬ್ಬ ತಾನು ಪ್ರಾಮಾಣಿಕ ಎಂದು ಸಾಬೀತುಮಾಡಬೇಕಾಗಿದ್ದ ಏಕೈಕ ಕಾಗದ ಅವನ ಬಳಿ ಇರಲಿಲ್ಲ, ಇರಬೇಕಾದವರ ಬಳಿಯೂ ಇರಲಿಲ್ಲ.

ಈಗ ಹೇಳಿ, ಉತ್ತರ ಪತ್ರಿಕೆಯನ್ನು ಕಾಪಾಡಿಡುವುದು ಅಧಿಕಾರಿಗಳನ್ನು ಇಕ್ಕಟ್ಟಿಗೆ ಸಿಲುಕಿಸುವ ಕೆಲಸವೋ, ಆಯ್ಕೆಯಾದವರನ್ನು ರಕ್ಷಿಸುವ ಕೆಲಸವೋ?

ನನ್ನ ಬಳಿ ಬರುವ ಅಭ್ಯರ್ಥಿಯ ಪ್ಲಾಸ್ಟಿಕ್ ಚೀಲದಲ್ಲಿ ಸಾಮಾನ್ಯವಾಗಿ ಇರುವುದಿಷ್ಟು: ಅಧಿಸೂಚನೆಯ ಮುದ್ರಿತ ಪ್ರತಿ, ಅರ್ಜಿಯ ಸ್ವೀಕೃತಿ, ಪ್ರವೇಶ ಪತ್ರ, ಕೀ ಉತ್ತರಗಳ (ಪ್ರಾಧಿಕಾರವೇ ಪ್ರಕಟಿಸುವ ಸರಿಯುತ್ತರಗಳ) ಪಿಡಿಎಫ್ ಮತ್ತು ತನ್ನ ನೋಂದಣಿ ಸಂಖ್ಯೆ ಇರಬೇಕಾಗಿದ್ದ, ಆದರೆ ಇಲ್ಲದ, ಆಯ್ಕೆ ಪಟ್ಟಿಯ ಆ ಒಂದು ಪುಟ. ತನ್ನ ಪ್ರವರ್ಗದಲ್ಲಿ ಕೊನೆಯದಾಗಿ ಆಯ್ಕೆಯಾದವರ ಅಂಕ ಎಷ್ಟು, ಗ್ರಾಮೀಣ ಅಥವಾ ಕನ್ನಡ ಮಾಧ್ಯಮದ ಮೀಸಲಾತಿಯ ಲೆಕ್ಕ ಎಲ್ಲಿ ಹಾಕಿದರು, ಸಂವಿಧಾನದ 371ಜೆ ವಿಧಿಯಡಿ ಕಲ್ಯಾಣ ಕರ್ನಾಟಕದವರಿಗೆ ಮೀಸಲಾದ ಹುದ್ದೆಗಳನ್ನು ಯಾವ ಪಟ್ಟಿಯಿಂದ ಮೊದಲು ತುಂಬಿದರು ಎಂಬುದೆಲ್ಲ ಅವರಿಗೆ ಊಹೆ. ಮಾಹಿತಿ ಹಕ್ಕಿನಡಿ ಕೇಳಿದರೆ ಉತ್ತರಕ್ಕೆ 30 ದಿನ. ಉತ್ತರ ಬಾರದಿದ್ದರೆ ಮೇಲ್ಮನವಿ, ಅಲ್ಲಿಯೂ ಆಗದಿದ್ದರೆ ಮಾಹಿತಿ ಆಯೋಗದ ಸರದಿ. ಅತ್ತ ನ್ಯಾಯಮಂಡಳಿಗೆ ಹೋಗಲು ಕಾಯ್ದೆ ಕೊಟ್ಟಿರುವ ಅವಧಿ ಒಂದು ವರ್ಷ. ಹೀಗಾಗಿ ಕೈಯಲ್ಲಿ ಪೂರ್ತಿ ಮಾಹಿತಿ ಇಲ್ಲದೆಯೇ ನಾವು ಅರ್ಜಿ ಹಾಕುತ್ತೇವೆ. ಎಷ್ಟೋ ಅರ್ಜಿಗಳು ನಿಜವಾಗಿ ದಾವೆಗಳೇ ಅಲ್ಲ, ದಾಖಲೆ ನೋಡಲು ಕಟ್ಟುವ ದುಬಾರಿ ಶುಲ್ಕ. ದಾಖಲೆ ಮುಂದೆ ಬಂದ ದಿನ, ಇದರಲ್ಲಿ ಹುರುಳಿಲ್ಲ ಎಂದು ಅಭ್ಯರ್ಥಿಯೇ ಒಪ್ಪಿ ಅರ್ಜಿ ಹಿಂಪಡೆದದ್ದನ್ನು ನಾನು ನೋಡಿದ್ದೇನೆ. ಅಷ್ಟರಲ್ಲಿ ತಡೆಯಾಜ್ಞೆಯ ಮೇಲೆ ತಡೆಯಾಜ್ಞೆ ಬಂದು ಪಟ್ಟಿ ನಿಂತಲ್ಲೇ ನಿಂತಿರುತ್ತದೆ.

ಕೀ ಉತ್ತರದ ಜಗಳವನ್ನು ಸ್ವಲ್ಪ ಹತ್ತಿರದಿಂದ ಹೇಳುತ್ತೇನೆ, ಏಕೆಂದರೆ ನಿಮ್ಮ ಕಚೇರಿಗಳು ಅತಿ ಹಗುರವಾಗಿ ತೆಗೆದುಕೊಳ್ಳುವುದು ಇದನ್ನೇ. ಒಂದು ಪ್ರಾಧಿಕಾರ (ಯಾವುದೆಂಬುದು ಬೇಡ) ತಾತ್ಕಾಲಿಕ ಕೀ ಉತ್ತರ ಪ್ರಕಟಿಸಿತು. ಆಕ್ಷೇಪಣೆಗಳನ್ನು ಕರೆದ ಮೇಲೆ ಅಂತಿಮ ಕೀ ಉತ್ತರದಲ್ಲಿ ಒಂದು ಪ್ರಶ್ನೆಯ ಸರಿಯುತ್ತರ ಬದಲಾಯಿತು. ಮೊದಲಿನ ಉತ್ತರವನ್ನೇ ಬರೆದಿದ್ದ ನನ್ನ ಕಕ್ಷಿದಾರ ಹೆಣ್ಣುಮಗಳು ಆ ಒಂದು ಪ್ರಶ್ನೆಯ ಅಂಕದಲ್ಲಿ ಪಟ್ಟಿಯಿಂದ ಹೊರಬಿದ್ದಳು. ಆಕೆ ಪದವಿಪೂರ್ವ ಪಠ್ಯಪುಸ್ತಕದ ಪುಟವನ್ನು ಪೆನ್ಸಿಲ್ಲಿನಲ್ಲಿ ಗೆರೆ ಎಳೆದು ತಂದಿದ್ದಳು. ನಾವು ಕೇಳಿದ್ದು ಉತ್ತರ ಏಕೆ ಬದಲಾಯಿತು ಎಂದಷ್ಟೇ. ಸರ್ಕಾರಿ ವಕೀಲರು ಸೂಚನೆ ಪಡೆಯಲು ಕಾಲಾವಕಾಶ ಕೇಳಿದರು, ಮತ್ತೆ ಕೇಳಿದರು, ಆಮೇಲೆ ಆಕ್ಷೇಪಣೆ ಸಲ್ಲಿಸಲು ಕೇಳಿದರು. ಕೊನೆಗೆ ತಜ್ಞರ ಸಮಿತಿಯ ನಡಾವಳಿ ಬಂತು. ಅದರಲ್ಲಿ ಪ್ರಶ್ನೆಯ ಸಂಖ್ಯೆಯಿತ್ತು, ಹಳೆಯ ಉತ್ತರವಿತ್ತು, ಹೊಸ ಉತ್ತರವಿತ್ತು, ಕೆಳಗೆ ಸಹಿಗಳಿದ್ದವು. ಕಾರಣದ ಅಂಕಣ ಖಾಲಿ ಇತ್ತು.

ಕಾನೂನು ಇಲ್ಲಿ ನಿಮ್ಮ ಪರವಾಗಿಯೇ ಇದೆ. ಕೀ ಉತ್ತರ ತಪ್ಪೆಂದು ನಿಚ್ಚಳವಾಗಿ ತೋರಿಸದ ಹೊರತು ಅದನ್ನು ಸರಿ ಎಂದೇ ಭಾವಿಸಬೇಕು ಎಂದು ಸುಪ್ರೀಂ ಕೋರ್ಟ್ 1983ರ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣದಿಂದಲೂ ಹೇಳುತ್ತ ಬಂದಿದೆ. 2017ರ ರಣ್ ವಿಜಯ್ ಸಿಂಗ್ ಪ್ರಕರಣದಲ್ಲಿ ಇನ್ನೂ ಮುಂದೆ ಹೋಗಿ, ಅನುಮಾನವಿದ್ದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೇ ಸಲ್ಲಬೇಕು ಎಂದಿತು. ನ್ಯಾಯಾಧೀಶರು ವಿಷಯ ತಜ್ಞರಲ್ಲ, ಆದ್ದರಿಂದ ಈ ವಿನಯ ಸರಿಯೇ. ಆದರೆ ಇಷ್ಟು ದೊಡ್ಡ ವಿಶ್ವಾಸವನ್ನು ಕಾನೂನು ನಿಮ್ಮ ತಜ್ಞರ ಮೇಲೆ ಇಟ್ಟಿರುವಾಗ ಅವರು ಎರಡು ಸಾಲು ಕಾರಣ ಬರೆಯಬಾರದೇ? ಆಧಾರ ಗ್ರಂಥದ ಹೆಸರು, ಪುಟದ ಸಂಖ್ಯೆ. ಅದನ್ನು ಅಂತಿಮ ಕೀ ಉತ್ತರದ ಜೊತೆಗೇ ಪ್ರಕಟಿಸಿದ್ದರೆ ಆ ಹೆಣ್ಣುಮಗಳು ನನ್ನ ಕಚೇರಿಗೆ ಬರುತ್ತಲೇ ಇರಲಿಲ್ಲವೇನೋ. ಆಕ್ಷೇಪಣೆ ಸಲ್ಲಿಸುವವರಿಂದ ನೀವು ಆಧಾರ ಕೇಳುತ್ತೀರಿ, ಪ್ರಶ್ನೆಗಿಷ್ಟು ಎಂದು ಶುಲ್ಕವನ್ನೂ ವಸೂಲು ಮಾಡುತ್ತೀರಿ. ಶುಲ್ಕ ಕಟ್ಟಿದವರಿಗೆ ಉತ್ತರ ಕೊಡುವುದು ಉಪಕಾರವೇನಲ್ಲ.

ಪ್ರಶ್ನೆಪತ್ರಿಕೆಯ ಗುಣಮಟ್ಟದ ಬಗ್ಗೆ ಹೆಚ್ಚು ಹೇಳಲಾರೆ. 384 ಗೆಜೆಟೆಡ್ ಪ್ರೊಬೇಷನರ್ ಹುದ್ದೆಗಳಿಗೆ 2024ರ ಆಗಸ್ಟ್ 27ರಂದು ನಡೆದ ಪೂರ್ವಭಾವಿ ಪರೀಕ್ಷೆಯ ಕನ್ನಡ ಪ್ರಶ್ನೆಗಳಲ್ಲಿ ತಪ್ಪುಗಳಾದವು, ಮುಖ್ಯಮಂತ್ರಿಗಳೇ ಮರುಪರೀಕ್ಷೆಗೆ ಸೂಚಿಸಿದರು, ಡಿಸೆಂಬರ್ 29ರ ಮರುಪರೀಕ್ಷೆಯ ಪತ್ರಿಕೆಯೂ ತಪ್ಪುಗಳ ದೂರಿಗೆ ಗುರಿಯಾಯಿತು. ಕನ್ನಡ ನಾಡಿನ ಆಡಳಿತ ಸೇವೆಯ ಪರೀಕ್ಷೆಯಲ್ಲಿ ಕನ್ನಡದಲ್ಲಿ ಬರೆಯುವವರೇ ಎಡವುವಂತಾದರೆ ಅದಕ್ಕೆ ವಕೀಲರ ವಾದವೇ ಬೇಕಿಲ್ಲ.

ಕಾಲದ ಲೆಕ್ಕಕ್ಕೆ ಬರೋಣ. 1998ರ ಗೆಜೆಟೆಡ್ ಪ್ರೊಬೇಷನರ್‌ಗಳ ಆಯ್ಕೆಯ ವ್ಯಾಜ್ಯದಲ್ಲಿ ಹೈಕೋರ್ಟ್ 2016ರ ಜೂನ್‌ನಲ್ಲಿ ಮಹತ್ವದ ಆದೇಶ ಕೊಟ್ಟಿತು. ಪರಿಷ್ಕೃತ ಪಟ್ಟಿ ಹೊರಬಂದದ್ದು 2019ರಲ್ಲಿ. ಆ ಹೊತ್ತಿಗೆ ಮೊದಲ ಪಟ್ಟಿಯವರಲ್ಲಿ ಹಲವರು ಬಡ್ತಿಯ ಮೆಟ್ಟಿಲುಗಳನ್ನು ಏರಿಯಾಗಿತ್ತು. ಹೊರಗುಳಿದವರ ತಲೆಗೂದಲು ನರೆತಿತ್ತು. 2011ರ ಸಾಲಿನ 362 ಹುದ್ದೆಗಳ ಕಥೆ ಇನ್ನೂ ವಿಚಿತ್ರ. ಸಿಐಡಿ ವರದಿಯ ಆಧಾರದಲ್ಲಿ ಸರ್ಕಾರ 2014ರ ಆಗಸ್ಟ್‌ನಲ್ಲಿ ಆಯ್ಕೆ ಪಟ್ಟಿಯನ್ನು ರದ್ದು ಮಾಡಿತು. 2016ರಲ್ಲಿ ಆಡಳಿತ ನ್ಯಾಯಮಂಡಳಿ ಆ ರದ್ದತಿಯನ್ನೇ ರದ್ದು ಮಾಡಿತು. 2018ರ ಮಾರ್ಚ್‌ನಲ್ಲಿ ಹೈಕೋರ್ಟ್ ನ್ಯಾಯಮಂಡಳಿಯ ಆದೇಶವನ್ನು ಬದಿಗೆ ಸರಿಸಿತು. 2022ರಲ್ಲಿ ವಿಧಾನಮಂಡಲ ಕಾಯ್ದೆ ಮಾಡಿ ಅದೇ ಆಯ್ಕೆಯನ್ನು ಊರ್ಜಿತಗೊಳಿಸಿತು. ಒಂದೇ ಪಟ್ಟಿ ನಾಲ್ಕು ಬಾರಿ ಮಗುಚಿ ಬಿತ್ತು. ಯಾವ ಹಂತದ ತೀರ್ಮಾನ ಸರಿ ಎಂಬ ಚರ್ಚೆಗೆ ಇಲ್ಲಿ ಹೋಗುವುದಿಲ್ಲ. ವ್ಯಕ್ತಿತ್ವ ಪರೀಕ್ಷೆಯ, ಅಂದರೆ ಸಂದರ್ಶನದ, ಅಂಕಗಳಿಗಾಗಿ ಹಣ ಕೇಳಿದರೆಂಬುದು ಆ ಪ್ರಕರಣದ ಮುಖ್ಯ ಆರೋಪವಾಗಿತ್ತು. ಮುಚ್ಚಿದ ಕೋಣೆಯಲ್ಲಿ ಬಿದ್ದ ಅಂಕಕ್ಕೆ ಆಧಾರವೇನೆಂದು ಕೇಳಿದರೆ ತೋರಿಸಲು ಅಂಕದ ಹೊರತು ಬೇರೇನೂ ಇಲ್ಲದಿರುವಾಗ, ಒಳ್ಳೆಯ ಅಭ್ಯರ್ಥಿ ಪಡೆದ ಒಳ್ಳೆಯ ಅಂಕವೂ ಅನುಮಾನಕ್ಕೆ ಈಡಾಗುತ್ತದೆ.

ಇನ್ನು ಆಟದ ನಿಯಮಗಳ ಸಂಗತಿ. ನೇಮಕಾತಿ ಪ್ರಕ್ರಿಯೆ ಆರಂಭವಾದ ಮೇಲೆ, ನಿಯಮಗಳಲ್ಲೇ ಅವಕಾಶವಿಲ್ಲದಿದ್ದರೆ, ಅರ್ಹತೆಯ ಮಾನದಂಡವನ್ನು ನಡುವೆ ಬದಲಿಸಕೂಡದು ಎಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ತೇಜ್ ಪ್ರಕಾಶ್ ಪಾಠಕ್ ಪ್ರಕರಣದಲ್ಲಿ 2024ರ ನವೆಂಬರ್‌ನಲ್ಲಿ ಹೇಳಿದೆ. ಬದಲಿಸುವುದಷ್ಟೇ ಸಮಸ್ಯೆಯಲ್ಲ, ಮೊದಲೇ ಸ್ಪಷ್ಟವಾಗಿ ಬರೆಯದಿರುವುದೂ ಸಮಸ್ಯೆಯೇ. ನಮ್ಮಲ್ಲಿ 2022ರ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿ ನೆನಪಿರಬಹುದು. ಮದುವೆಯಾದ ಹೆಣ್ಣುಮಗಳು ಮೀಸಲಾತಿಗೆ ತಂದೆಯ ಆದಾಯದ ಪ್ರಮಾಣಪತ್ರ ಕೊಡಬೇಕೋ ಗಂಡನದೋ ಎಂಬ ಪ್ರಶ್ನೆಗೆ ಆಯ್ಕೆ ಪಟ್ಟಿ ಸಿಕ್ಕಿಹಾಕಿಕೊಂಡು ಹೈಕೋರ್ಟಿಗೆ ಹೋಯಿತು. ಶಾಲೆಗಳು ಮೇಷ್ಟರಿಲ್ಲದೆ ಕಾಯ್ದವು. ತಹಶೀಲ್ದಾರ್ ಕಚೇರಿಯಲ್ಲಿ ದಿನನಿತ್ಯ ಏಳುವ ಪ್ರಶ್ನೆ ಅದು. ಅನುಮಾನಕ್ಕೆ ಎಡೆಯೇ ಉಳಿಯದಂತೆ ಅಧಿಸೂಚನೆ ಬರೆಯುವಾಗಲೇ ಅದನ್ನು ಇತ್ಯರ್ಥಪಡಿಸಬೇಕಿತ್ತು.

ನಾವು ಹೊತ್ತುಗೊತ್ತಿಲ್ಲದೆ ಕೋರ್ಟಿಗೆ ಬರುತ್ತೇವೆ ಎಂಬ ದೂರೂ ಇದೆ. ಇದರಲ್ಲಿ ಅಭ್ಯರ್ಥಿಯ ಪಾಡು ನೋಡಿ. ಪ್ರಕ್ರಿಯೆಯಲ್ಲಿ ಭಾಗವಹಿಸಿ, ಆಯ್ಕೆಯಾಗದಿದ್ದಾಗ ಆ ಪ್ರಕ್ರಿಯೆಯೇ ತಪ್ಪು ಎನ್ನುವಂತಿಲ್ಲ ಎಂದು 1995ರ ಮದನ್ ಲಾಲ್ ಪ್ರಕರಣದಿಂದ ಈಚೆಗೆ ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ನಿಮ್ಮ ವಕೀಲರು ಪ್ರತಿ ಆಕ್ಷೇಪಣೆಯಲ್ಲೂ ಅದನ್ನು ಉಲ್ಲೇಖಿಸುತ್ತಾರೆ. ಸರಿ, ಪರೀಕ್ಷೆಗೆ ಮುಂಚೆಯೇ ಅಧಿಸೂಚನೆಯ ದೋಷ ತೋರಿಸಿ ಬಂದರೆ? ಆಗ ನೇಮಕಾತಿಗೆ ಅಡ್ಡಗಾಲು ಹಾಕಿದವರು ಎಂಬ ಹಣೆಪಟ್ಟಿ. ಹುರುಳಿಲ್ಲದ ಅರ್ಜಿಗಳೂ ಇವೆ, ಇಲ್ಲವೆನ್ನುವುದಿಲ್ಲ. ನನ್ನ ವೃತ್ತಿಬಾಂಧವರಲ್ಲಿ ಕೆಲವರು ಸೋತ ಪ್ರತಿ ಅಭ್ಯರ್ಥಿಗೂ ಆಸೆ ಹುಟ್ಟಿಸಿ ವಕಾಲತ್ತಿಗೆ ಸಹಿ ಹಾಕಿಸಿಕೊಳ್ಳುವುದೂ ಉಂಟು. ಅಂಥ ಅರ್ಜಿಯನ್ನು ಮೊದಲ ದಿನವೇ ವಜಾ ಮಾಡಿಸಲು ನಿಮಗೆ ಬೇಕಾಗಿರುವುದೂ ಅದೇ ದಾಖಲೆ.

ತಡವಾದ ನೇಮಕಾತಿಯ ಜಾಗ ಖಾಲಿ ಉಳಿಯುವುದಿಲ್ಲ. 2006ರ ಏಪ್ರಿಲ್ 10ರಂದು ಉಮಾದೇವಿ ಪ್ರಕರಣದಲ್ಲಿ ಸಂವಿಧಾನ ಪೀಠ ತೀರ್ಪು ಕೊಟ್ಟಾಗ ಮೇಲ್ಮನವಿದಾರನಾಗಿದ್ದದ್ದು ನಮ್ಮದೇ ರಾಜ್ಯ. ಸರ್ಕಾರಿ ಕೆಲಸಕ್ಕೆ ಬಾಗಿಲು ಒಂದೇ, ಬಹಿರಂಗ ಸ್ಪರ್ಧೆಯ ಮೂಲಕ ನಿಯಮಬದ್ಧ ನೇಮಕಾತಿ. ಹಿಂಬಾಗಿಲಿನಿಂದ ಬಂದವರನ್ನು ಕಾಯಂ ಮಾಡುವಂತಿಲ್ಲ ಎಂಬುದು ಅದರ ಸಾರ. ತೀರ್ಪಿನ ಬಲದಿಂದ ಎಷ್ಟೋ ದಿನಗೂಲಿ ನೌಕರರ ಬೇಡಿಕೆಗಳನ್ನು ಸರ್ಕಾರ ತಳ್ಳಿಹಾಕಿತು. ಆದರೆ ಆ ಮುಂಬಾಗಿಲೇ ವರ್ಷಗಟ್ಟಲೆ ಕೋರ್ಟಿನ ತಡೆಯಾಜ್ಞೆಯಲ್ಲಿ ಮುಚ್ಚಿಕೊಂಡಾಗ, ಅತಿಥಿ ಉಪನ್ಯಾಸಕರು, ಗುತ್ತಿಗೆ ನೌಕರರು, ಹೊರಗುತ್ತಿಗೆ ಸಿಬ್ಬಂದಿ ಎಂಬ ಹೆಸರುಗಳಲ್ಲಿ ಹಿಂಬಾಗಿಲು ತೆರೆದೇ ಇರುತ್ತದೆ. ಅಲ್ಲಿ ಪರೀಕ್ಷೆಯೂ ಇಲ್ಲ, ಮೀಸಲಾತಿ ರೋಸ್ಟರ್ ಪಾಲನೆಯ ಖಾತ್ರಿಯೂ ಇಲ್ಲ, ಕೆಲಸ ಮಾಡುವವರಿಗೆ ಭದ್ರತೆಯಂತೂ ಇಲ್ಲವೇ ಇಲ್ಲ.

ಹಾಗಾದರೆ ನಾನು ಕೇಳುವುದೇನು? ಹೊಸ ಕಾನೂನನ್ನಲ್ಲ. ಅಕ್ರಮ ತಡೆಗೆ ರಾಜ್ಯದಲ್ಲಿ 2023ರಲ್ಲಿ, ಕೇಂದ್ರದಲ್ಲಿ 2024ರಲ್ಲಿ ಕಠಿಣ ಕಾಯ್ದೆಗಳು ಬಂದಿವೆ. ಬ್ಲೂಟೂತ್ ಇಟ್ಟುಕೊಂಡವರನ್ನು, ಪ್ರಶ್ನೆಪತ್ರಿಕೆ ಮಾರಿದವರನ್ನು, ಓಎಂಆರ್ ತಿದ್ದಿದವರನ್ನು ಅವು ಶಿಕ್ಷಿಸಲಿ. ಕಾರಣ ಬರೆಯದ ಸಮಿತಿಯನ್ನು, ಮಾಹಿತಿ ಕೊಡದೆ ಅಭ್ಯರ್ಥಿಯನ್ನು ಅಲೆದಾಡಿಸುವ ಶಾಖೆಯನ್ನು ಸರಿಮಾಡುವುದು ಜೈಲಿನ ಭಯದಿಂದ ಆಗುವ ಕೆಲಸವಲ್ಲ. ಅದಕ್ಕೆ ನಿಮ್ಮದೇ ಒಂದು ಸುತ್ತೋಲೆ ಸಾಕು.

ಪರೀಕ್ಷೆ ಮುಗಿದ ದಿನವೇ ಪ್ರತಿ ಓಎಂಆರ್ ಹಾಳೆಯನ್ನು ಸ್ಕ್ಯಾನ್ ಮಾಡಿ, ಮೌಲ್ಯಮಾಪನ ಆರಂಭವಾಗುವ ಮುನ್ನವೇ ಅಭ್ಯರ್ಥಿಯ ಖಾತೆಗೆ ಹಾಕಿ. ಆಮೇಲೆ ಯಾರೂ ಅದರ ಖಾಲಿ ವೃತ್ತ ತುಂಬಲಾರರು. ಕಾರ್ಬನ್ ಪ್ರತಿಯನ್ನು ಖರ್ಚಿನ ನೆಪದಲ್ಲಿ ಎಂದೂ ಕೈಬಿಡಬೇಡಿ. ಮೂಲ ಹಾಳೆಗಳು, ಕೊಠಡಿಯ ಸಿಸಿಟಿವಿ ದೃಶ್ಯಗಳು, ಹಾಜರಾತಿ ಪಟ್ಟಿಗಳು ಇವನ್ನು ಇಂತಿಷ್ಟು ತಿಂಗಳ ನಂತರ ವಿಲೇವಾರಿ ಮಾಡಬಹುದೆಂಬ ನಿಯಮವಿದ್ದರೆ, ಆ ನೇಮಕಾತಿಯ ಕೊನೆಯ ವ್ಯಾಜ್ಯ ಮುಗಿಯುವವರೆಗೆ ಎಂದು ಅದನ್ನು ತಿದ್ದಿ. ಅಂತಿಮ ಪಟ್ಟಿಯಲ್ಲಿ ಹೆಸರುಗಳಷ್ಟೇ ಬೇಡ, ಪ್ರತಿ ಹುದ್ದೆಯ ಮುಂದೆ ಅದು ಯಾವ ಪ್ರವರ್ಗದ ಯಾವ ಸಮತಲ ಮೀಸಲಾತಿಯಲ್ಲಿ (ಗ್ರಾಮೀಣ, ಕನ್ನಡ ಮಾಧ್ಯಮದಂಥದ್ದು) ತುಂಬಿತು, ಕೊನೆಯ ಅಂಕ ಎಷ್ಟು ಎಂಬುದು ಇರಲಿ. ಸಂದರ್ಶನ ಇರುವ ಕಡೆ ಲಿಖಿತ ಪರೀಕ್ಷೆಯ ಅಂಕಗಳನ್ನು ಮೊದಲೇ ಮೊಹರು ಮಾಡಿ, ಮಂಡಳಿಯ ಸದಸ್ಯರಿಗೆ ತಿಳಿಯದಂತೆ ಇಡಿ. ಪ್ರತಿ ಸದಸ್ಯರೂ ಕೊಟ್ಟ ಅಂಕ ಬೇರೆ ಬೇರೆಯಾಗಿ ದಾಖಲಾಗಲಿ.

ಗೋಪ್ಯತೆಯ ಮಾತು ಎತ್ತುತ್ತೀರಿ ಎಂದು ಗೊತ್ತು. ಅದಕ್ಕೂ ಉತ್ತರ ಸಿಕ್ಕಿದೆ. ಉತ್ತರ ಪತ್ರಿಕೆಯನ್ನು ನೋಡುವ ಹಕ್ಕು ಪರೀಕ್ಷೆ ಬರೆದವರಿಗೆ ಇದೆ ಎಂದು ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿತು. ಕೇರಳ ಲೋಕಸೇವಾ ಆಯೋಗದ 2016ರ ಪ್ರಕರಣದಲ್ಲಿ ಉತ್ತರ ಪತ್ರಿಕೆಯ ಪ್ರತಿಯನ್ನೂ ಸಂದರ್ಶನದ ಅಂಕಗಳನ್ನೂ ಕೊಡಿ, ಮೌಲ್ಯಮಾಪಕರ ಹೆಸರುಗಳನ್ನು ಕೊಡಬೇಕಿಲ್ಲ ಎಂದು ಗೆರೆ ಎಳೆದು ತೋರಿಸಿತು. 2018ರಲ್ಲಿ ಯುಪಿಎಸ್‌ಸಿ ಪ್ರಕರಣದಲ್ಲಿ, ಕೇಳಿದ್ದನ್ನೆಲ್ಲ ಯಾಂತ್ರಿಕವಾಗಿ ಕೊಡಬೇಕೆಂದಿಲ್ಲ ಎಂದದ್ದೂ ನಿಜ. ಆ ಕೊನೆಯ ತೀರ್ಪನ್ನು ಮಾತ್ರ ಗೋಡೆಗೆ ಅಂಟಿಸಿಕೊಂಡು ಉಳಿದೆರಡನ್ನು ಮರೆಯುವುದು ಓದುವ ರೀತಿಯಲ್ಲ. ಕೊಡಬೇಕಿಲ್ಲ ಎಂದರೆ ಕೊಡಬಾರದು ಎಂದಲ್ಲ.

ನಿಮ್ಮ ಮುಂದಿನ ಅಧಿಸೂಚನೆ ಸಿದ್ಧವಾಗುತ್ತಿರಬಹುದು. ಅದರ ಸಾಮಾನ್ಯ ಸೂಚನೆಗಳಲ್ಲಿ ಅಭ್ಯರ್ಥಿಗಳು ಏನೇನು ಮಾಡಕೂಡದು ಎಂಬುದಕ್ಕೆ ಪುಟಗಟ್ಟಲೆ ಜಾಗವಿರುತ್ತದೆ. ಅದೇ ಜಾಗದಲ್ಲಿ ಪ್ರಾಧಿಕಾರ ಯಾವ ದಾಖಲೆಯನ್ನು ಎಲ್ಲಿಯವರೆಗೆ ಉಳಿಸುತ್ತದೆ, ಯಾವುದನ್ನು ಯಾವ ದಿನಾಂಕದೊಳಗೆ ಅಭ್ಯರ್ಥಿಗೆ ತೋರಿಸುತ್ತದೆ, ಕೀ ಉತ್ತರ ಬದಲಾದರೆ ಕಾರಣವನ್ನು ಎಲ್ಲಿ ಪ್ರಕಟಿಸುತ್ತದೆ ಎಂಬ ಒಂದು ಕಂಡಿಕೆ ಸೇರಿಸಿ. ಸೇರಿಸಲಾಗದಿದ್ದರೆ ಏಕೆ ಆಗದು ಎಂಬುದನ್ನು ಸಾರ್ವಜನಿಕವಾಗಿ ತಿಳಿಸಿ. ಈ ಪತ್ರಕ್ಕೆ ಉತ್ತರವಾಗಿ ನಾನು ನಿರೀಕ್ಷಿಸುವುದು ಅಷ್ಟನ್ನೇ.

ತಮ್ಮ ವಿಶ್ವಾಸಿ,
ಸೇವಾ ಪ್ರಕರಣಗಳ ಒಬ್ಬ ವಕೀಲ